ಏಪ್ರಿಲ್‌ನಲ್ಲಿ ಸಂಬಳ ಏರುತ್ತೆ, ಟಾರ್ಗೆಟ್ಟೂ ಏರುತ್ತೆ: ಕಾರ್ಮಿಕ ಸಚಿವರಿಗೆ ಒಂದು ಬಹಿರಂಗ ಪತ್ರ

ಮಾನ್ಯ ಕಾರ್ಮಿಕ ಸಚಿವರಿಗೆ ನಮಸ್ಕಾರ.

ನಾನು ಹೊಂಗಸಂದ್ರದಲ್ಲಿ ಒಂದು ಆಲ್ಟರೇಷನ್ ಅಂಗಡಿ ಇಟ್ಟುಕೊಂಡಿದ್ದೇನೆ. ಹತ್ತಡಿ ಉದ್ದ, ಆರಡಿ ಅಗಲ, ಎರಡು ಮಿಷನ್ನು. ಪ್ಯಾಂಟ್ ಕಟ್ ಮಾಡೋದು, ಬ್ಲೌಸ್ ಬಿಗಿ ಮಾಡೋದು, ಜಿಪ್ ಹಾಕೋದು, ಇಂಥವೇ ಕೆಲಸ. ಹೋದ ವಾರ ಒಬ್ಬ ಹುಡುಗ ಒಂದು ಶರ್ಟು ತಂದ. ಎಲೆಕ್ಟ್ರಾನಿಕ್ ಸಿಟಿಯಲ್ಲಿ ಕೆಲಸವಂತೆ. ಕುತ್ತಿಗೆಯಲ್ಲಿ ಐಡಿ ಕಾರ್ಡು ಇನ್ನೂ ತೂಗಾಡುತ್ತಿತ್ತು. ಶರ್ಟಿನ ಟ್ಯಾಗ್ ಕೂಡ ಕಿತ್ತಿರಲಿಲ್ಲ. 2,799 ರೂಪಾಯಿ. ಹೊರದೇಶದ ಬ್ರಾಂಡು. "ತೋಳು ಒಂದಿಂಚು ಉದ್ದ ಆಗಿದೆ ಆಂಟಿ, ಕಡಿಮೆ ಮಾಡಿಕೊಡಿ" ಅಂದ.

ತೋಳು ಕಡಿಮೆ ಮಾಡಬೇಕು ಅಂದರೆ ಕಫ್ ಬಿಚ್ಚಬೇಕು. ಬಿಚ್ಚೋಕೆ ಕೂತೆ. ಎಡಗಡೆ ಕಫ್‌ನ ನೆರಿಗೆಯೊಳಗೆ ಬಟ್ಟೆ ಸ್ವಲ್ಪ ಗಂಟಾಗಿತ್ತು. ಹೊರಗಿಂದ ನೋಡಿದರೆ ಏನೂ ಕಾಣೋಲ್ಲ. ನನಗೆ ಮಾತ್ರ ಬೆರಳಿಗೆ ಸಿಕ್ಕ ಕೂಡಲೇ ಗೊತ್ತಾಯಿತು. ತೋಳಿನ ಬಟ್ಟೆ ಕಫ್‌ಗಿಂತ ಒಂದೆಳೆ ಜಾಸ್ತಿ ಬಂದಾಗ ಅದನ್ನು ಬಿಚ್ಚಿ ಮತ್ತೆ ಹೊಲಿಯಬೇಕು. ಗಾರ್ಮೆಂಟ್ಸ್ ಫ್ಯಾಕ್ಟರಿಯಲ್ಲಿ ಬಿಚ್ಚೋಕೆ ಟೈಮ್ ಇರೋದಿಲ್ಲ. ಆ ಜಾಸ್ತಿ ಬಟ್ಟೆಯನ್ನು ಬೆರಳಲ್ಲಿ ನೆರಿಗೆಯೊಳಗೆ ತಳ್ಳಿ ಹೊಲಿದುಬಿಡುತ್ತೀವಿ. ಚೆಕಿಂಗ್‌ನವರ ಕಣ್ಣಿಗೂ ಬೀಳೋಲ್ಲ. ಆರು ವರ್ಷ ಕಫ್ ಜೋಡಿಸಿದವಳು ನಾನು. ಈ ಕಳ್ಳತನ ನನಗೆ ಚೆನ್ನಾಗಿ ಗೊತ್ತು.

ಆ ಗಂಟು ನೋಡಿದ ದಿನವೇ ನಿಮಗೆ ಬರೆಯಬೇಕು ಅನ್ನಿಸಿತು.

1999ರಲ್ಲಿ ಮದ್ದೂರು ಕಡೆಯಿಂದ ಬಂದು ಗಾರ್ಮೆಂಟ್ಸಿಗೆ ಹೆಲ್ಪರ್ ಆಗಿ ಸೇರಿದೆ. ದಾರ ಕತ್ತರಿಸೋದು, ಬಂಡಲ್ ಎತ್ತಿಕೊಡೋದು. ಒಂದೂವರೆ ವರ್ಷಕ್ಕೆ ಟೈಲರ್ ಆದೆ. 2010ರಲ್ಲಿ ಸೂಪರ್‌ವೈಸರ್. 2021ರಲ್ಲಿ ಬಿಟ್ಟೆ. ಒಟ್ಟು ಮೂರು ಕಂಪನಿ ನೋಡಿದ್ದೇನೆ. ಯಾವುದರ ಹೆಸರೂ ಬರೆಯೋಲ್ಲ. ಹೆಸರು ಹೇಳಿದರೆ, ಓಹೋ ಇದು ಆ ಕಂಪನಿಯ ತಪ್ಪು, ಅವರಿಗೊಂದು ನೋಟಿಸ್ ಕೊಟ್ಟರೆ ಮುಗೀತು ಅಂತ ಆಗಿಬಿಡುತ್ತದೆ. ಮೂರರಲ್ಲೂ ನಡೆದದ್ದು ಒಂದೇ.

ಮೊದಲು ನಮ್ಮಪ್ಪನ ವಿಷಯ ಹೇಳಬೇಕು. ಅಪ್ಪ ಹಸಿರು ಶಾಲಿನವರು, ರೈತ ಸಂಘ. 1993ರ ಅಕ್ಟೋಬರ್‌ನಲ್ಲಿ ಊರಿನವರ ಜೊತೆ ಲಾರಿ ಹತ್ತಿ ಕಬ್ಬನ್ ಪಾರ್ಕಿಗೆ ಬಂದಿದ್ದರು, ಡಂಕೆಲ್ ಪ್ರಸ್ತಾವನೆ ಬೇಡ ಅಂತ. ಅದು ದೇಶ ದೇಶಗಳ ನಡುವಿನ ವ್ಯಾಪಾರದ ಒಪ್ಪಂದದ ಕರಡು. ಲಕ್ಷಗಟ್ಟಲೆ ರೈತರು ಸೇರಿದ್ದರು. ನನಗಾಗ 13 ವರ್ಷ. ಡಂಕೆಲ್ ಅಂದರೆ ಯಾವುದೋ ಹುಳದ ಔಷಧಿ ಇರಬೇಕು ಅಂದುಕೊಂಡಿದ್ದೆ. ನಮ್ಮ ಬಿತ್ತನೆ ಬೀಜವನ್ನು ನಾವೇ ಎತ್ತಿಡೋ ಹಾಗಿಲ್ಲ, ಕಂಪನಿಯವನ ಹತ್ತಿರ ಪ್ರತಿ ವರ್ಷ ಕೊಳ್ಳಬೇಕಾಗುತ್ತೆ ಅಂತ ಪ್ರೊಫೆಸರ್ ಹೇಳಿದ್ದಾರೆ ಅನ್ನುತ್ತಿದ್ದರು ಅಪ್ಪ. ಪ್ರೊಫೆಸರ್ ಅಂದರೆ ರೈತ ಸಂಘದ ನಾಯಕ ನಂಜುಂಡಸ್ವಾಮಿ. ನಮ್ಮ ಕಡೆ ಬೇರೆ ಪ್ರೊಫೆಸರ್ ಇರಲಿಲ್ಲ. 1996ರಲ್ಲಿ ಬ್ರಿಗೇಡ್ ರಸ್ತೆಯ ಕೆಎಫ್‌ಸಿಗೆ ರೈತ ಸಂಘದವರು ನುಗ್ಗಿದ ಸುದ್ದಿ ಪೇಪರಿನಲ್ಲಿ ಬಂದಾಗ ಅಪ್ಪ ಅದನ್ನು ಟೀ ಅಂಗಡಿಯಲ್ಲಿ ಎರಡು ಸಲ ಓದಿಸಿದ್ದರು.

ಅಂಥವರ ಮಗಳು ಮೂರು ವರ್ಷಕ್ಕೆ ಅಮೆರಿಕದವರ ಶರ್ಟು ಹೊಲಿಯೋಕೆ ಬಂದಳು. ಬೋರ್‌ವೆಲ್ ಬತ್ತಿತ್ತು, ಸೊಸೈಟಿ ಸಾಲ ಇತ್ತು. ಅಪ್ಪ ಬೇಡ ಅನ್ನಲಿಲ್ಲ. ಬಸ್ ಸ್ಟಾಂಡಿಗೆ ಬಂದು ಬಿಟ್ಟು ಹೋದರು.

ಎಷ್ಟೋ ವರ್ಷದ ಮೇಲೆ ಯೂನಿಯನ್ನಿನ ಒಂದು ಮೀಟಿಂಗಿನಲ್ಲಿ ನನಗೆ ಒಂದು ವಿಷಯ ಗೊತ್ತಾಯಿತು. ಅದೇ ಡಂಕೆಲ್ ಪ್ರಸ್ತಾವನೆಯೊಳಗೆ ಬಟ್ಟೆ ವ್ಯಾಪಾರದ ಒಪ್ಪಂದವೂ ಇತ್ತು. ಅಲ್ಲಿವರೆಗೆ ಅಮೆರಿಕ, ಯೂರೋಪಿನವರು ಯಾವ ದೇಶದಿಂದ ಎಷ್ಟು ಬಟ್ಟೆ ಬರಬಹುದು ಅಂತ ಕೋಟಾ ಇಟ್ಟುಕೊಂಡಿದ್ದರು. 1995ರಿಂದ ಹತ್ತು ವರ್ಷದೊಳಗೆ ಅದನ್ನು ತೆಗೆಯಬೇಕು ಅಂತ ಆಯಿತು. 2005ರ ಜನವರಿ 1ಕ್ಕೆ ಕೋಟಾ ಪೂರ್ತಿ ಹೋಯಿತು. ಆ ಹೊತ್ತಿಗೆ ನಮ್ಮ ಕಂಪನಿಯಲ್ಲಿ ನಾಲ್ಕಿದ್ದ ಲೈನು, ಅಂದರೆ ಹೊಲಿಗೆ ಮಿಷನ್ನಿನ ಸಾಲು, ಒಂಬತ್ತಾಗಿತ್ತು. ಬೊಮ್ಮನಹಳ್ಳಿ, ಪೀಣ್ಯ, ಮೈಸೂರು ರಸ್ತೆ ಎಲ್ಲಿ ನೋಡಿದರೂ "ಟೈಲರ್‌ಗಳು ಬೇಕಾಗಿದ್ದಾರೆ" ಬೋರ್ಡು. ಅಪ್ಪ ಬೇಡ ಅಂತ ಲಾರಿ ಹತ್ತಿ ಬಂದಿದ್ದರಲ್ಲ, ಅದರಲ್ಲೇ ನನ್ನ ಸಂಬಳವೂ ಇತ್ತು.

ಊರಿಗೆ ಹೋದಾಗ ಅಪ್ಪನಿಗೆ ಇದನ್ನು ಹೇಳಿದೆ. ಗೆದ್ದೆ ಅನ್ನೋ ಹಾಗೆ ಹೇಳಿದೆ ಅನ್ನಿ. ಅವರು ಸುಮ್ನೆ ಬೀಡಿ ಎಳೆಯುತ್ತಾ ಕೂತಿದ್ದರು. ಆಮೇಲೆ, "ಕೋಟಾ ಹೋದ್ರೆ ನಿಂಗೊಬ್ಳಿಗೇ ಹೋಯ್ತಾ ಮಗ? ಬಾಂಗ್ಲಾದವ್ನಿಗೂ ಹೋಯ್ತಲ್ವಾ?" ಅಂದರು.

ಎರಡನೇ ಕ್ಲಾಸ್ ಓದಿದ ಮನುಷ್ಯ. ನಮ್ಮ ಪ್ರೊಡಕ್ಷನ್ ಮ್ಯಾನೇಜರ್ ಪ್ರತಿ ತಿಂಗಳು ಮೀಟಿಂಗಿನಲ್ಲಿ ಇಂಗ್ಲಿಷಿನಲ್ಲಿ ಹೇಳುತ್ತಿದ್ದದ್ದೂ ಅದೇ. ಬಯರ್, ಅಂದರೆ ನಮ್ಮ ಹತ್ತಿರ ಮಾಲು ಕೊಳ್ಳೋ ಹೊರದೇಶದ ಬ್ರಾಂಡಿನವನು, ಢಾಕಾದ ರೇಟ್ ತೋರಿಸುತ್ತಾನೆ, ನಾವು ಅದಕ್ಕಿಂತ ಕಡಿಮೆಗೆ ಮಾಡಬೇಕು.

ಆ ಕಡಿಮೆ ಎಲ್ಲಿಂದ ಬರುತ್ತದೆ ಅನ್ನೋದನ್ನು ಸ್ವಲ್ಪ ವಿವರವಾಗಿ ಹೇಳುತ್ತೇನೆ. ವಿಧಾನಸೌಧದವರೆಗೆ ಈ ಲೆಕ್ಕ ಯಾರೂ ತಂದಿರಲಿಕ್ಕಿಲ್ಲ.

ಫ್ಲೋರಿನಲ್ಲಿ ಐಇ ಹುಡುಗರು ಅಂತ ಇರುತ್ತಾರೆ. ಇಂಡಸ್ಟ್ರಿಯಲ್ ಇಂಜಿನಿಯರಿಂಗ್ ವಿಭಾಗದವರು. ಕೈಯಲ್ಲಿ ಸ್ಟಾಪ್‌ವಾಚ್, ಒಂದು ಪ್ಯಾಡು. ಟೈಲರ್ ಬೆನ್ನ ಹಿಂದೆ ನಿಂತು ಐದು ಪೀಸ್, ಹತ್ತು ಪೀಸ್ ಟೈಮ್ ಬರೆದುಕೊಳ್ಳುತ್ತಾರೆ. ಅದರಿಂದ ಒಂದು ಲೆಕ್ಕ ಬರುತ್ತದೆ, ಅದಕ್ಕೆ ಸ್ಯಾಮ್ ಅಂತಾರೆ. ಒಂದು ಕೆಲಸಕ್ಕೆ ಎಷ್ಟು ನಿಮಿಷ ಸಾಕು ಅನ್ನೋ ಲೆಕ್ಕ. ಮಾಮೂಲಿ ಫುಲ್ ಶರ್ಟಿಗೆ ಎಲ್ಲಾ ಆಪರೇಷನ್ ಸೇರಿ 20, 25 ನಿಮಿಷ. ಒಂದು ಆಪರೇಷನ್ನಿಗೆ ಮುಕ್ಕಾಲು ನಿಮಿಷ ಅಂತ ಬರೆದರೆ ಗಂಟೆಗೆ 80 ಪೀಸ್ ಟಾರ್ಗೆಟ್. ಆ ಮುಕ್ಕಾಲು ನಿಮಿಷವನ್ನು ಹಿಡಿದುಕೊಂಡೇ ಬಯರ್ ರೇಟ್ ಮಾತಾಡುವುದು. ಒಂದು ಸೆಕೆಂಡ್ ಇಳಿಸಿದರೆ ಅವನಿಗೆ ಲಾಭ.

ಐಇ ಹುಡುಗ ಬಂದ ಅಂದರೆ ಟೈಲರ್‌ಗಳು ಕೈ ನಿಧಾನ ಮಾಡುತ್ತಿದ್ದರು. ದಾರ ಮತ್ತೆ ಪೋಣಿಸೋದು, ಪೀಸ್ ತಿರುಗಿಸಿ ನೋಡೋದು. ಅವನಿಗೂ ಅದು ಗೊತ್ತು. ಅದಕ್ಕೇ ಲೈನಿನಲ್ಲಿ ಅತಿ ಚುರುಕಾದ ಹುಡುಗಿಯ ಹಿಂದೆ ಹೋಗಿ ನಿಲ್ಲುತ್ತಿದ್ದ. ಅವಳು ಹೊಸಬಳಾಗಿರುತ್ತಿದ್ದಳು, ಶಭಾಸ್ ಅನ್ನಿಸಿಕೊಳ್ಳೋ ಆಸೆ. ಅವಳ ಆ ದಿನದ ವೇಗ ನಾಳೆಯಿಂದ ಎಲ್ಲರ ಟಾರ್ಗೆಟ್ಟು. ಐವತ್ತು ದಾಟಿದ ಹೆಂಗಸಿಗೂ ಅದೇ, ಎಂಟು ತಿಂಗಳ ಬಸುರಿಗೂ ಅದೇ. ಮಧ್ಯಾಹ್ನ ಊಟಕ್ಕೆ ಅರ್ಧ ಗಂಟೆ ಬಿಡುತ್ತಾರಲ್ಲ, ಅಲ್ಲಿ ಆ ಚುರುಕು ಹುಡುಗಿಯ ಜೊತೆ ಒಂದು ವಾರ ಯಾರೂ ಮಾತಾಡುತ್ತಿರಲಿಲ್ಲ.

ಲೈನಿನ ಕೊನೆಗೆ ಒಂದು ಬಿಳಿ ಬೋರ್ಡು. ಗಂಟೆ ಗಂಟೆಗೂ ಎರಡು ನಂಬರು ಬರೆಯಬೇಕು. ಬೇಕಾದದ್ದು ಎಷ್ಟು, ಆದದ್ದು ಎಷ್ಟು. ಆ ಎರಡರ ನಡುವಿನ ವ್ಯತ್ಯಾಸಕ್ಕೆ ಸೂಪರ್‌ವೈಸರ್ ಬೈಸಿಕೊಳ್ಳಬೇಕು. ಬೈಸಿಕೊಂಡದ್ದನ್ನು ತಂದು ಲೈನಿಗೆ ಹಂಚಬೇಕು. ಹನ್ನೊಂದು ವರ್ಷ ನಾನು ಹಂಚಿದ್ದೇನೆ. ಎಂಥೆಂಥ ಮಾತು ಅಂದಿದ್ದೇನೆ ಅಂತ ಇಲ್ಲಿ ಬರೆಯೋಕೆ ನಾಚಿಕೆ ಆಗುತ್ತದೆ. ಒಬ್ಬಳು ಹುಡುಗಿ ಟಾಯ್ಲೆಟ್ಟಿಗೆ ಹೋಗಿ ಬರ್ತೀನಕ್ಕ ಅಂದಳು. ಬೋರ್ಡಿನಲ್ಲಿ ಹದಿನೇಳು ಪೀಸ್ ಕಡಿಮೆ ಇತ್ತು. ಈ ಬಂಡಲ್ ಮುಗಿಸಿ ಹೋಗು ಅಂದೆ. ಮುಗಿಸಿದಳು. ಎದ್ದಾಗ ಅವಳ ಚೂಡಿದಾರ ಹಾಳಾಗಿತ್ತು. ದುಪಟ್ಟಾ ಸೊಂಟಕ್ಕೆ ಸುತ್ತಿಕೊಂಡು, ನನ್ನ ಮುಖ ನೋಡದೆ ಹೋದಳು. ಮಾರನೇ ದಿನದಿಂದ ಬರಲಿಲ್ಲ. ಅವಳ ಬಾಕಿ ಸಂಬಳಕ್ಕೆ ಅವಳ ಅಣ್ಣ ಬಂದಿದ್ದ. ನಾನು ಸ್ಟೋರ್ ರೂಮಿನಲ್ಲಿ ಕೂತಿದ್ದೆ, ಅವನು ಹೋಗೋವರೆಗೆ.

ಈಗ ಏಪ್ರಿಲ್ ವಿಷಯಕ್ಕೆ ಬರುತ್ತೇನೆ. ಪ್ರತಿ ವರ್ಷ ಏಪ್ರಿಲ್ 1ಕ್ಕೆ ನಿಮ್ಮ ಇಲಾಖೆಯ ಆದೇಶದ ಪ್ರಕಾರ ತುಟ್ಟಿಭತ್ಯೆ ಏರುತ್ತದೆ. ದಿನಕ್ಕೆ ಹತ್ತೋ ಇಪ್ಪತ್ತೋ ರೂಪಾಯಿ ಬರುತ್ತದೆ. ಒಂದು ವರ್ಷದ ಲೆಕ್ಕ ನನಗೆ ಇನ್ನೂ ನೆನಪಿದೆ, ಬೋರ್ಡು ಬರೆದದ್ದು ನಾನೇ. ಮಾರ್ಚ್‌ನಲ್ಲಿ ನಮ್ಮ ಲೈನಿಗೆ ಕಫ್ ಟಾರ್ಗೆಟ್ ಗಂಟೆಗೆ 80. ಏಪ್ರಿಲ್ ಎರಡನೇ ವಾರ 90 ಮಾಡಿದರು. ಎಂಟು ಗಂಟೆಗೆ 640 ಇದ್ದದ್ದು 720 ಆಯಿತು. ಜಾಸ್ತಿ ಆದ 80 ಪೀಸ್ ಅಂದರೆ ಹಳೇ ಲೆಕ್ಕದಲ್ಲಿ ಪೂರ್ತಿ ಒಂದು ಗಂಟೆಯ ಕೆಲಸ. ಅಂದರೆ ಸರ್ಕಾರ ಕೊಡಿಸಿದ ಹೆಚ್ಚಳವನ್ನು ಕಂಪನಿ ಅದೇ ತಿಂಗಳು ವಾಪಸ್ ತಗೊಂಡಿತು, ಜೊತೆಗೆ ಇನ್ನಷ್ಟು ಲಾಭವನ್ನೂ. ಗಡಿಯಾರ ಮಾತ್ರ ಎಂಟೇ ಗಂಟೆ ತೋರಿಸುತ್ತದೆ. ಓಟಿ ಅಲ್ಲ, ಡಬಲ್ ಸಂಬಳ ಕೊಡಬೇಕಿಲ್ಲ. ಇನ್‌ಸ್ಪೆಕ್ಟರ್ ಬಂದು ರಿಜಿಸ್ಟರ್ ನೋಡಿದರೆ ಎಲ್ಲಾ ಸರಿಯಾಗೇ ಇರುತ್ತದೆ.

ಸಂಬಳಕ್ಕೆ ಕನಿಷ್ಠ ಇದೆ. ಗಂಟೆಗೆ ಎಷ್ಟು ಪೀಸ್ ಅನ್ನೋದಕ್ಕೆ ಗರಿಷ್ಠ ಯಾವ ಆದೇಶದಲ್ಲೂ ನನಗೆ ಕಂಡಿಲ್ಲ.

ಬಯರ್ ಕಡೆಯಿಂದ ಆಡಿಟ್ ಇರುತ್ತದಲ್ಲ ಅನ್ನಬಹುದು ನೀವು. ಇರುತ್ತದೆ. ಅವತ್ತು ಟಾಯ್ಲೆಟ್ಟಿನಲ್ಲಿ ಸೋಪು, ಎಲ್ಲರ ಮೂಗಿಗೆ ಮಾಸ್ಕು, ಬೋರ್ಡಿನಲ್ಲಿ ಒರೆಸಿದ ನಂಬರು. ಏನು ಕೇಳಿದರೆ ಏನು ಹೇಳಬೇಕು ಅಂತ ಹಿಂದಿನ ದಿನವೇ ಪಾಠ ಆಗಿರುತ್ತಿತ್ತು. ಅದರ ಬಗ್ಗೆ ಜಾಸ್ತಿ ಬರೆಯೋಲ್ಲ.

ಗಾರ್ಮೆಂಟ್ಸ್ ಹಾಳಾಗಲಿ ಅಂತ ನಾನು ಹೇಳುತ್ತಿಲ್ಲ, ದಯವಿಟ್ಟು ಹಾಗೆ ತಿಳಿಯಬೇಡಿ. ಆ ದುಡ್ಡಿನಲ್ಲೇ ತಂಗಿಯ ಮದುವೆ ಆಯಿತು, ಅವ್ವನ ಕಣ್ಣಿನ ಆಪರೇಷನ್ ಆಯಿತು. ಮನೆಯಲ್ಲಿ ನನ್ನ ಮಾತು ಕೇಳೋ ಹಾಗಾಯಿತು. ನನ್ನ ಹೆಸರಲ್ಲಿ ಪಾಸ್‌ಬುಕ್ಕು, ಇಎಸ್ಐ ಕಾರ್ಡು ಬಂದದ್ದು ಅಲ್ಲಿಂದಲೇ. 2023ರ ಜೂನ್‌ನಿಂದ ನಿಮ್ಮ ಸರ್ಕಾರ ಬಸ್ ಫ್ರೀ ಮಾಡಿದ ಮೇಲೆ ನನ್ನ ಲೈನಿನಲ್ಲಿದ್ದವರು ಬಂದು ಹೇಳುತ್ತಾರೆ, ತಿಂಗಳಿಗೆ ಪಾಸಿನ ದುಡ್ಡು ಉಳಿಯಿತಕ್ಕ ಅಂತ. ಒಳ್ಳೇದಾದದ್ದನ್ನು ಒಳ್ಳೇದು ಅನ್ನಲೇಬೇಕು.

ಆದರೆ ಈ ಕೆಲಸದವರಿಗೆ ಸಿಕ್ಕಿದ್ದರಲ್ಲಿ ಎಷ್ಟೋ ಕೇಳಿ ಪಡೆದದ್ದೇ. 2016ರ ಏಪ್ರಿಲ್ ನಿಮಗೆ ನೆನಪಿರಬಹುದು. ಫೆಬ್ರವರಿಯಲ್ಲಿ ಕೇಂದ್ರದವರು ಪಿಎಫ್ ನಿಯಮ ಬದಲಾಯಿಸಿದ್ದರು. ಕಂಪನಿ ಕಟ್ಟಿದ ಪಾಲನ್ನು 58 ವರ್ಷ ಆಗೋವರೆಗೆ ತೆಗೆಯೋ ಹಾಗಿಲ್ಲ ಅಂತ. ದೆಹಲಿಯಲ್ಲಿ ಕೂತವರಿಗೆ ಅದು ಮುಪ್ಪಿನ ಕಾಲದ ದುಡ್ಡು. ನಮಗೆ ಅದು ಮಗಳ ಕಾಲೇಜ್ ಫೀಸು, ಮನೆ ಲೀಸಿನ ದುಡ್ಡು, ಚಿನ್ನ ಬಿಡಿಸೋ ದುಡ್ಡು. 58ರವರೆಗೆ ಗಾರ್ಮೆಂಟ್ಸಿನಲ್ಲಿ ಕೂರೋ ಬೆನ್ನು ಯಾರಿಗಿದೆ? ಏಪ್ರಿಲ್ 18, ಸೋಮವಾರ. ಬೊಮ್ಮನಹಳ್ಳಿಯಲ್ಲಿ ಹೆಂಗಸರು ಹೊಸೂರು ರಸ್ತೆಗೆ ಬಂದು ಕೂತರು. ಯಾವ ಲೀಡರ್ರೂ ಕರೆ ಕೊಟ್ಟಿರಲಿಲ್ಲ. ನಾನು ಸೂಪರ್‌ವೈಸರ್, ಲೈನನ್ನು ಒಳಗೆ ಇಟ್ಟುಕೊಳ್ಳಬೇಕಾದವಳು. ಗೇಟಿನವರೆಗೆ ತಡೆಯೋಕೆ ಅಂತ ಹೋದೆ. ಗೇಟಿನಲ್ಲಿ ನನ್ನ ಪಿಎಫ್ ಚೀಟಿ ನೆನಪಾಯಿತು. ನಾನೂ ಹೋಗಿ ಕೂತೆ. ಬಿಸಿಲಿಗೆ ಡಾಂಬರು ಸುಡುತ್ತಿತ್ತು, ಚಪ್ಪಲಿ ಕೆಳಗೆ ಹಾಕಿಕೊಂಡು ಕೂತಿದ್ದೆವು. ಎಲೆಕ್ಟ್ರಾನಿಕ್ ಸಿಟಿಗೆ ಹೋಗೋ ಬಸ್ಸುಗಳು ಕಣ್ಣು ಹಾಯಿಸಿದಷ್ಟು ದೂರ ನಿಂತಿದ್ದವು.

ಮಾರನೇ ದಿನ ಪೀಣ್ಯ, ಜಾಲಹಳ್ಳಿ, ಹೆಬ್ಬಗೋಡಿ ಕಡೆಗೂ ಹಬ್ಬಿತು. ಬಸ್ಸಿಗೆ ಬೆಂಕಿ ಬಿತ್ತು, ಲಾಠಿ ಬೀಸಿದರು, ಅಶ್ರುವಾಯು ಹೊಡೆದರು. ಬೆಂಕಿ ಹಾಕಿದ್ದು ಸರಿ ಅಂತ ನಾನು ಅನ್ನೋಲ್ಲ. ಆವತ್ತು ಸಂಜೆಯೊಳಗೆ ಕೇಂದ್ರ ಸರ್ಕಾರ ಆ ನಿಯಮ ವಾಪಸ್ ತಗೊಂಡಿತು. ಎರಡು ದಿನ. ಇಡೀ ದೇಶದ ಕಾರ್ಮಿಕರಿಗೆ ಅದರ ಲಾಭ ಆಯಿತು. ಟಿವಿಯವರು ಮಾತ್ರ ಟ್ರಾಫಿಕ್ ಜಾಮ್ ತೋರಿಸಿದರು.

2020ರಲ್ಲಿ ಇನ್ನೊಂದಾಯಿತು. ಕೊರೊನಾ ಬಂತು ಅಂತ ಆಗಿನ ರಾಜ್ಯ ಸರ್ಕಾರ ಆ ವರ್ಷದ ತುಟ್ಟಿಭತ್ಯೆಯನ್ನು ಮುಂದಕ್ಕೆ ಹಾಕಿತು. ತಿಂಗಳಿಗೆ 417 ರೂಪಾಯಿ ಚಿಲ್ಲರೆ. ಯೂನಿಯನ್‌ಗಳು ಹೈಕೋರ್ಟಿಗೆ ಹೋದವು, ಕೊಡಲೇಬೇಕು ಅಂತ ಕೋರ್ಟು ಹೇಳಿತು. ಹೇಳಿದ ಮೇಲೂ ಎಷ್ಟೋ ಕಂಪನಿಯವರು ಕೊಡಲಿಲ್ಲ. ಹೊರದೇಶದಲ್ಲಿ ಬ್ರಾಂಡುಗಳ ಹೆಸರು ಕೆಡೋಕೆ ಶುರುವಾದ ಮೇಲೆ, 2022ರ ಹೊತ್ತಿಗೆ, ಬಾಕಿ ಸಮೇತ ಬಂತು. ನಮ್ಮ ಕೋರ್ಟಿನ ಮಾತಿಗೆ ಬಗ್ಗದವರು ಬಯರ್ ಫೋನಿಗೆ ಬಗ್ಗಿದರು. ಇದನ್ನು ನೆನೆಸಿಕೊಂಡರೆ ನನಗೆ ಇವತ್ತೂ ಖುಷಿ ಪಡಬೇಕೋ ಬೇಜಾರು ಪಡಬೇಕೋ ತಿಳಿಯೋಲ್ಲ.

ನಿಮ್ಮ ಹತ್ತಿರ ಕಂಪನಿಯವರು ಬಂದಾಗ ಏನು ಹೇಳುತ್ತಾರೆ ಅಂತ ನನಗೆ ಗೊತ್ತು. ಜಾಸ್ತಿ ಬಿಗಿ ಮಾಡಿದರೆ ನಾವು ಹೊರಟುಹೋಗುತ್ತೇವೆ. ಇದು ಪೂರ್ತಿ ಸುಳ್ಳಲ್ಲ. ಹೋಗುತ್ತಲೂ ಇದ್ದಾರೆ. ಬಾಂಗ್ಲಾಕ್ಕೆ, ಇಥಿಯೋಪಿಯಾಕ್ಕೆ ಅನ್ನೋದೆಲ್ಲ ದೂರದ ಮಾತು. ನಮ್ಮ ಮದ್ದೂರಿಗೇ ಹೋದರು. ಬೆಂಗಳೂರಿನ ಕನಿಷ್ಠ ವೇತನ ಒಂದು, ಹಳ್ಳಿ ಕಡೆಯ ವಲಯಕ್ಕೆ ಅದಕ್ಕಿಂತ ಕಡಿಮೆ. ನಾನು ಯಾವ ಊರು ಬಿಟ್ಟು ಈ ಕೆಲಸಕ್ಕೆ ಬಂದೆನೋ ಅದೇ ಊರಿಗೆ ಈಗ ಫ್ಯಾಕ್ಟರಿ ವ್ಯಾನು ಬರುತ್ತದೆ. ನನ್ನ ಚಿಕ್ಕಪ್ಪನ ಸೊಸೆ ಬೆಳಗ್ಗೆ ಏಳಕ್ಕೆ ಹತ್ತುತ್ತಾಳೆ. ಇಲ್ಲಿ ಉಳಿದ ಫ್ಯಾಕ್ಟರಿಗಳಿಗೆ ಒಡಿಶಾ, ಜಾರ್ಖಂಡಿನಿಂದ ಹುಡುಗಿಯರನ್ನು ಕರೆತಂದು ಹಾಸ್ಟೆಲಿನಲ್ಲಿ ಇಡುತ್ತಾರೆ. ಭಾನುವಾರ ಎರಡು ಗಂಟೆ ಹೊರಗೆ ಬಿಟ್ಟಾಗ ನನ್ನ ಅಂಗಡಿ ಮುಂದೆ ಹೋಗುತ್ತಾರೆ, ಇಪ್ಪತ್ತರೊಳಗಿನ ಮಕ್ಕಳು. ಒಬ್ಬರ ಕೈ ಒಬ್ಬರು ಹಿಡಿದುಕೊಂಡು ರಸ್ತೆ ದಾಟುತ್ತಾರೆ.

ಇನ್ನು, ನೀವು ಬಿಗಿ ಮಾಡದೆ ಬಿಟ್ಟರೂ ಪೆಟ್ಟು ಬೀಳೋದು ತಪ್ಪೋಲ್ಲ. 2025ರ ಆಗಸ್ಟ್‌ನಲ್ಲಿ ಅಮೆರಿಕದವರು ನಮ್ಮ ಮಾಲಿನ ಮೇಲೆ ಸುಂಕ ಶೇ 50ಕ್ಕೆ ಏರಿಸಿದರು. ಅದಕ್ಕೂ ನಮ್ಮ ಟೈಲರ್‌ಗಳ ಸಂಬಳಕ್ಕೂ ಏನು ಸಂಬಂಧ? ಏನೂ ಇಲ್ಲ. ಆದರೂ ಮೊದಲು ನಿಂತದ್ದು ಓಟಿ.

ಹಾಗಾದರೆ ಏನು ಮಾಡಬೇಕು ಅಂತೀಯಮ್ಮ ಅನ್ನುತ್ತೀರಿ. ನನ್ನ ಅಂಗಡಿ ಕಟ್ಟೆ ಮೇಲೆ ಡೆಲಿವರಿ ಹುಡುಗರು ಕೂತಿರುತ್ತಾರೆ, ಆರ್ಡರ್ ಬರೋವರೆಗೆ. ಅವರ ಮೊಬೈಲಿನಲ್ಲಿ ನಿಮಿಷ ಓಡುತ್ತಿರುತ್ತದೆ. ನಮ್ಮ ಐಇ ಹುಡುಗ ಬೆನ್ನ ಹಿಂದೆ ನಿಲ್ಲುತ್ತಿದ್ದ, ಇವರಿಗೆ ಅವನು ಜೇಬಿನಲ್ಲೇ ಇದ್ದಾನೆ. ಆ ಹುಡುಗರಿಗೆ 2025ರಲ್ಲಿ ನೀವೇ ಒಂದು ಕಾನೂನು ತಂದಿರಿ, ಗಿಗ್ ಕಾರ್ಮಿಕರ ಕಾನೂನು. ಅವರಿಗೆ ಕೊಡುವ ಹಣದ ಮೇಲೆ ಶೇ 1ರಿಂದ 5ರವರೆಗೆ ಕಲ್ಯಾಣ ಶುಲ್ಕ ಅಂತ ಪೇಪರಿನವರು ಬರೆದರು. ನನಗೆ ಅದಕ್ಕಿಂತ ಮುಖ್ಯ ಅನ್ನಿಸಿದ್ದು ಬೇರೆ. ಆ್ಯಪು ಕೆಲಸವನ್ನು ಹೇಗೆ ಅಳೆಯುತ್ತದೆ, ಹೇಗೆ ತೀರ್ಮಾನ ಮಾಡುತ್ತದೆ ಅನ್ನೋದನ್ನು ಕೆಲಸದವನಿಗೆ ತಿಳಿಸಬೇಕು ಅಂತ ಆ ಕಾನೂನಿನಲ್ಲಿದೆ. ಓದಿ ಹೇಳಿದ್ದು ಯೂನಿಯನ್ನಿನ ಒಬ್ಬರು. ಇನ್ನೊಂದು ಸಲ ಓದಿ ಅಂದೆ.

ಕಂಪ್ಯೂಟರಿನ ಹೊಟ್ಟೆಯೊಳಗಿನ ಲೆಕ್ಕವನ್ನೇ ಬಿಚ್ಚಿ ತೋರಿಸು ಅಂತ ಕೇಳಬಹುದಾದರೆ, ಐಇ ಹುಡುಗನ ಪ್ಯಾಡಿನಲ್ಲಿ ಪೆನ್ನಿನಲ್ಲಿ ಬರೆದದ್ದನ್ನು ಕೇಳೋಕೆ ಏನು ಕಷ್ಟ?

ನಾನು ಕೇಳೋದು ಇಷ್ಟು. ಸಂಬಳದ ಚೀಟಿ ಕೊಡೋ ಹಾಗೆ ಟಾರ್ಗೆಟ್ಟಿನ ಲೆಕ್ಕವನ್ನೂ ಕನ್ನಡದಲ್ಲಿ ಬರೆದು ಲೈನಿನಲ್ಲಿ ಹಾಕಲಿ. ಯಾರ ಹಿಂದೆ ನಿಂತು, ಎಷ್ಟು ಪೀಸ್ ಅಳೆದು, ಯಾವ ದಿನ ತೀರ್ಮಾನ ಮಾಡಿದರು ಅಂತ ಅದರಲ್ಲಿರಲಿ. ನೀರು ಕುಡಿಯೋಕೆ, ಟಾಯ್ಲೆಟ್ಟಿಗೆ ಹೋಗೋಕೆ ಎಷ್ಟು ನಿಮಿಷ ಹಿಡಿದಿದ್ದಾರೆ ಅನ್ನೋದೂ ಇರಲಿ. ತುಟ್ಟಿಭತ್ಯೆ ಏರಿದ ಮೇಲೆ ಟಾರ್ಗೆಟ್ ಏರಿಸಿದರೆ ಯಾಕೆ ಅಂತ ಕಾರ್ಮಿಕರ ಸಮಿತಿಗೆ ಕಾರಣ ಹೇಳಲಿ. ನಿಮ್ಮ ಇನ್‌ಸ್ಪೆಕ್ಟರ್ ರಿಜಿಸ್ಟರ್ ಜೊತೆ ಆ ಬಿಳಿ ಬೋರ್ಡನ್ನೂ ನೋಡಲಿ, ಆಡಿಟ್ ಇಲ್ಲದ ದಿನ ಬಂದು. ಬೆಂಗಳೂರಿಗೊಂದು, ಮದ್ದೂರಿಗೊಂದು ಮಾಡಬೇಡಿ, ರಾಜ್ಯಕ್ಕೆಲ್ಲ ಒಂದೇ ಇರಲಿ. ಇಲ್ಲದಿದ್ದರೆ ಇನ್ನೊಂದು ವ್ಯಾನು ಇನ್ನೊಂದು ಊರಿಗೆ ಹೋಗುತ್ತದೆ, ಅಷ್ಟೇ.

ಒಂದು ಸೆಕೆಂಡಿಗೂ ಲೆಕ್ಕ ಇಡೋ ಜನ ಅವರು. ಆ ಲೆಕ್ಕ ತೋರಿಸೋಕೆ ಖರ್ಚೇನೂ ಆಗೋಲ್ಲ.

ಆ ಐಡಿ ಕಾರ್ಡಿನ ಹುಡುಗ ನಿನ್ನೆ ಸಂಜೆ ಬಂದ. ಲೇಟಾಯ್ತು ಆಂಟಿ, ಆಫೀಸಿನಲ್ಲಿ ಬಿಡಲಿಲ್ಲ ಅಂದ. 2024ರಲ್ಲಿ ಐಟಿಯವರಿಗೆ ದಿನಕ್ಕೆ 14 ಗಂಟೆವರೆಗೆ ಕೆಲಸ ಅನ್ನೋ ಪ್ರಸ್ತಾಪ ಬಂದಾಗ ಅವರ ಯೂನಿಯನ್ನಿನವರು ಬೀದಿಗೆ ಬಂದಿದ್ದರು. ನೀನೂ ಹೋಗಿದ್ಯಾ ಅಂತ ಕೇಳಿದೆ. ಇಲ್ಲ ಆಂಟಿ, ಆವತ್ತು ಡೆಡ್‌ಲೈನ್ ಇತ್ತು ಅಂದ.

ಶರ್ಟು ಕೊಟ್ಟೆ. ಎರಡು ಕಫ್ ಬಿಚ್ಚಿ, ಕತ್ತರಿಸಿ, ಮತ್ತೆ ಜೋಡಿಸೋಕೆ ನನಗೆ ಅರ್ಧ ಗಂಟೆ ಹಿಡಿದಿತ್ತು. 120 ರೂಪಾಯಿ ಅಂದೆ. "ಜಾಸ್ತಿ ಆಯ್ತಲ್ವಾ ಆಂಟಿ?" ಅಂದ. ಆದರೂ ಕೊಟ್ಟ. ನೆರಿಗೆಯೊಳಗಿನ ಗಂಟು ಬಿಡಿಸಿದ್ದನ್ನು ನಾನು ಲೆಕ್ಕಕ್ಕೆ ಹಿಡಿದಿರಲಿಲ್ಲ.

ಇಂತಿ,
ಹೊಂಗಸಂದ್ರದ ಒಬ್ಬ ಟೈಲರ್